ಚೀನಾ ಜಾಡಿಯ ಪಾಪಾಸುಕಳ್ಳಿ

ಪಕ್ಕದ ಮನೆಯ ಬ್ರಿಹಿಡಾಳ ಮೂಗು ಅಷ್ಟು ಚುರುಕಾಗಿರದಿದ್ದರೆ ಮೆಲ್ಚೋರನ ಬದುಕು ಅಂದೇ ನೆಟ್ಟಗಾಗುತ್ತಿತ್ತು.

ಪ್ಯುಎಬ್ಲಾ ಪಟ್ಟಣದ ಕುಂಬಾರರ ಸಂಘ ಸಂಜೆ ಅವನನ್ನು ಪರೀಕ್ಷಿಸಲಿತ್ತು. ಗೆದ್ದರೆ ಮಡಕೆ ಸುಡಲು ಸ್ವಂತ ಆವಿಗೆ. ಸೋತರೆ ಅಪ್ಪನಂತೆ ಸಾಯುವತನಕ ಕಂಡವರ ಆವಿಗೆಗೆ ಸೌದೆ ಒಟ್ಟುವುದು. ಮನಿಲಾದ ಹಡಗಿನಲ್ಲಿ ಬಂದಿದ್ದ ಇಗರ್ಜಿಯ ಚೀನಾ ಜಾಡಿಯನ್ನು ಪಾದ್ರಿ ಅನ್ಸೆಲ್ಮೊ ಮಾದರಿಗೆಂದು ಕೊಟ್ಟಿದ್ದರು; ಥೇಟ್ ಅದರಂಥದ್ದನ್ನೇ ಮಾಡಿ ತೋರಿಸುವುದೇ ಪರೀಕ್ಷೆ. ಎತ್ತರದ ಗೂಡಿನಲ್ಲಿ ಧೂಳು ಹಿಡಿದಿದ್ದ ಅದನ್ನು ಅವರೂ ಹತ್ತಿರದಿಂದ ನೋಡಿದವರಲ್ಲ.

ಮೆಲ್ಚೋರ್ ಮೊದಲು ಮಾಡಿದ ಜಾಡಿಯಲ್ಲಿ ಜೀವವಿತ್ತು. ಆದರೆ ಮಾದರಿಯಲ್ಲಿದ್ದ ಕೊಕ್ಕರೆಯ ಪಕ್ಕ, ಅಭ್ಯಾಸಬಲದಿಂದ, ಕೈ ಪಾಪಾಸುಕಳ್ಳಿ ಬರೆದುಬಿಟ್ಟಿತ್ತು. ಚೀನಾದಲ್ಲಿ ಎಲ್ಲಿಯ ಕಳ್ಳಿ! ಹೆಂಡತಿ ಹಸಿಂತಾ ನಕ್ಕ ಮೇಲೆ ಅದನ್ನು ಮೂಲೆಗಿಟ್ಟು, ಕಳ್ಳಿಯಿಲ್ಲದ ಇನ್ನೊಂದನ್ನು ಗೆರೆ ತಪ್ಪದಂತೆ ಮಾಡಿದ್ದ.

ಬ್ರಿಹಿಡಾ ಬಂದವಳೇ ಚೀನಾ ಜಾಡಿಯನ್ನು ಮೂಸಿದಳು. "ಇದರಲ್ಲಿ ಚಾಕೊಲೇಟ್ ಇಟ್ಟಿದ್ರು ಕಣೋ!"

"ಮುಟ್ಬೇಡ ಅಕ್ಕಾ!" ಅನ್ನುವಷ್ಟರಲ್ಲಿ ಅವಳ ಕೈ ಒಳಗೆ ಹೋಗಿ ಸಿಕ್ಕಿಕೊಂಡಿತ್ತು.

"ಮುಷ್ಟಿ ಬಿಡು, ಕೈ ಬರುತ್ತೆ!"

"ಬಿಟ್ರೆ ಚಾಕೊಲೇಟ್ ಬರಲ್ವಲ್ಲೋ!"

ಮೆಲ್ಚೋರ್ ಜಾಡಿ ಹಿಡಿದ, ಹಸಿಂತಾ ಬ್ರಿಹಿಡಾಳ ಸೊಂಟ ಹಿಡಿದಳು. ಎಳೆದ ರಭಸಕ್ಕೆ ಮೂವರೂ ನೆಲಕ್ಕೆ ಬಿದ್ದರು. ಸಾಗರ ದಾಟಿ ಬಂದ ಜಾಡಿ ಹಿತ್ತಲ ಕಲ್ಲಿನ ಮೇಲೆ ಚೂರುಚೂರಾಯಿತು.

ಮೆಲ್ಚೋರ್ ಮಗುವಿನಂತೆ ಅತ್ತ. "ಹೋಗಿ ನಿಜ ಹೇಳ್ಬಿಡ್ತೀನಿ."

"ಹೇಳಿದ್ರೆ ನಿನ್ನ ಆವಿಗೆ ಕತೆ ಮುಗೀತು," ಎಂದಳು ಬ್ರಿಹಿಡಾ, ಬೆರಳು ನೆಕ್ಕುತ್ತ. "ಮೂಲೇಲಿರೋದನ್ನೇ ಚೀನಾದ್ದು ಅಂತ ಇಡು. ಅಲ್ಲಿಗೆ ಹೋಗಿ ನೋಡ್ಬಂದೋರು ಯಾರಿದ್ದಾರೆ?"

ಸಂಜೆ ಸಂಘದ ಮೇಜಿನ ಮೇಲೆ ಮೆಲ್ಚೋರನ ಎರಡೂ ಜಾಡಿಗಳು ಅಕ್ಕಪಕ್ಕ ನಿಂತವು, ಕಳ್ಳಿಯದು ಚೀನಾದ್ದೆಂಬ ಹೆಸರಿನಲ್ಲಿ. ಸಂಘದ ಹಿರಿಯ ಮೇಸ್ತ್ರಿ ಮೊದಲು ಕಳ್ಳಿಯದನ್ನು ತಿರುಗಿಸಿ ತಿರುಗಿಸಿ ನೋಡಿದ. ಅವನ ಕಣ್ಣು ಒದ್ದೆಯಾಯಿತು.

"ಚೀನಾದವರ ಕೈ ಅಂದ್ರೆ ಇದು! ನೋಡಿ ಸ್ವಾಮಿ, ನಮ್ಮ ಕಳ್ಳೀನೂ ಅವರಿಗೆ ಗೊತ್ತು."

"ದೇವರು ಎಲ್ಲಾ ಕಡೆನೂ ಬೆಳೆಸಿದ್ದಾನೆ," ಎಂದರು ಪಾದ್ರಿ, ಭಕ್ತಿಯಿಂದ.

ಮೇಸ್ತ್ರಿ ಎರಡನೆಯದನ್ನು ನೋಡಿದ. ಮುಖ ಗಂಟಾಯಿತು. "ಕಳ್ಳಿ ಎಲ್ಲಯ್ಯಾ? ಎದುರಿಗೇ ಇಟ್ಕೊಂಡೂ ಬಿಟ್ಟಿದ್ದೀಯಲ್ಲ! ಗೆರೇಲೂ ಜೀವ ಇಲ್ಲ. ಆವಿಗೆ ಮಾತು ಮುಂದಿನ ವರ್ಷ ನೋಡೋಣ."

ಬಾಗಿಲ ಬಳಿ ನಿಂತಿದ್ದ ಬ್ರಿಹಿಡಾ ನಿಜ ಹೇಳಲು ಬಾಯಿ ತೆರೆದಳು. ಪಕ್ಕದಲ್ಲಿದ್ದ ಹಸಿಂತಾ ಅವಳ ಕಾಲು ತುಳಿದಳು. ಮೆಲ್ಚೋರನಿಗೆ ತನ್ನ ಬದುಕಿನ ಅತ್ಯುತ್ತಮ ಕೆಲಸಕ್ಕೆ ಸಿಕ್ಕ ಹೊಗಳಿಕೆಯನ್ನು ತಲೆತಗ್ಗಿಸಿ ಕೇಳುವುದಷ್ಟೇ ಉಳಿದಿತ್ತು.

ಪಾದ್ರಿಗೆ ಕನಿಕರ ಬಂತು. ಕಳ್ಳಿಯ ಜಾಡಿಯನ್ನು ರೇಷ್ಮೆ ಬಟ್ಟೆಯಲ್ಲಿ ಸುತ್ತಿ ಅವನ ಕೈಗೇ ಇತ್ತರು.

"ಇನ್ನೂ ಒಂದು ವರ್ಷ ಇಟ್ಕೊಂಡು ಕಲಿಯಪ್ಪಾ. ಆದ್ರೆ ಜೋಪಾನ, ಒಡೆದ್ರೆ ಇಂಥದ್ದು ನಿನ್ನ ಕೈಲಿ ಆಗಲ್ಲ."