ಮೂರು–ಎರಡರ ಸಮಬಲ

ಅಲಬಾಮಾ ರಾಜ್ಯದ ಬೆಲ್‌ಫರ್ಡ್ ಪಟ್ಟಣದಲ್ಲಿ ಪ್ರತಿ ಡಿಸೆಂಬರ್ ತಿಂಗಳ ಕೊನೆಯ ಶನಿವಾರ ನಡೆಯುವ ಟ್ರಸೆಲ್ ಹಾಸಿಗೆ ಬೌಲ್ ಎಂಬ ಅಮೆರಿಕನ್ ಫುಟ್‌ಬಾಲ್ ಪಂದ್ಯದಲ್ಲಿ ಆಡುವ ಅರ್ಹತೆ, ಆ ವರ್ಷ ಗೆದ್ದಷ್ಟೇ ಸೋತಿರುವ ಕಾಲೇಜು ತಂಡಗಳಿಗೆ ಮಾತ್ರ ಇರುತ್ತದೆ. ಹೆಚ್ಚು ಗೆದ್ದವರನ್ನು ಸಮುದ್ರ ತೀರದ ದೊಡ್ಡ ಊರುಗಳು ಕರೆಸಿಕೊಳ್ಳುತ್ತವೆ. ಹೆಚ್ಚು ಸೋತವರು ಮನೆಯಲ್ಲಿರುತ್ತಾರೆ. ಉಳಿದವರನ್ನು ಬೆಲ್‌ಫರ್ಡ್ ಕರೆಯುತ್ತದೆ, ಅವರೂ ಬರುತ್ತಾರೆ.

ಹಿಂದಿನ ವರ್ಷದ ಪಂದ್ಯ ಐವತ್ತೆರಡು–ಮೂರರಲ್ಲಿ ಮುಗಿದಿತ್ತು. ಅರ್ಧ ಆಟ ಆಗುವಷ್ಟರಲ್ಲಿ ಜನ ಕಾರು ಹತ್ತಿದ್ದರು. ಟಿ.ವಿ. ನೋಡುತ್ತಿದ್ದವರು ಕೂತಲ್ಲೇ ನಿದ್ದೆ ಹೋದರು. ಪ್ರೇಕ್ಷಕರು ನಿದ್ದೆ ಹೋಗುವುದು ಹಾಸಿಗೆ ಕಂಪನಿಗೆ ನಷ್ಟವೇನಲ್ಲ, ಆದರೆ ಅವರು ಸೋಫಾದ ಮೇಲೆ ನಿದ್ದೆ ಹೋಗಿದ್ದಾರೆ ಎಂದು ಪ್ರಾಯೋಜಕ ರಾಯ್ಸ್ ಟ್ರಸೆಲ್ ಸಾಹೇಬರು ಬೇಸರ ತೋಡಿಕೊಂಡರು. ಟಿ.ವಿ.ಯವರು ಹೊಸ ಕರಾರಿನಲ್ಲಿ ಒಂದು ವಾಕ್ಯ ಸೇರಿಸಿದರು: ಪಂದ್ಯವು ಸಮಬಲದ್ದಾಗಿರತಕ್ಕದ್ದು, ಸಮಬಲವೆಂದರೆ ಮೂರು ಅಂಕ ಮೀರದ ಅಂತರವೆಂದು ಅರ್ಥೈಸತಕ್ಕದ್ದು, ತಪ್ಪಿದಲ್ಲಿ ಮುಂದಿನ ವರ್ಷದಿಂದ ಅದೇ ಹೊತ್ತಿಗೆ ಹಳೆಯ ಮೀನು ಹಿಡಿಯುವ ಸ್ಪರ್ಧೆಯನ್ನು ಮರುಪ್ರಸಾರ ಮಾಡಲಾಗುವುದು.

ಈ ಕಾರಣದಿಂದ ಬೌಲ್ ಸಮಿತಿ ಸಮಬಲಾಧಿಕಾರಿ ಎಂಬ ಹುದ್ದೆಯನ್ನು ಸೃಷ್ಟಿಸಿತು. ಎಲ್ಡನ್ ಪೆಟಸ್ ಅದಕ್ಕೆ ನೇಮಕವಾದ. ಅವನು ರಾಜ್ಯದ ತೂಕ ಮತ್ತು ಅಳತೆ ಇಲಾಖೆಯಿಂದ ನಿವೃತ್ತನಾದ ಇನ್‌ಸ್ಪೆಕ್ಟರು. ಸ್ವಂತ ಮಾವನ ಮಾಂಸದಂಗಡಿಯ ತಕ್ಕಡಿಗೆ ಬೀಗಮುದ್ರೆ ಹಾಕಿ, ಅದೇ ಸಂಜೆ ಅದೇ ಮಾವನ ಮನೆಯಲ್ಲಿ ಹೊಟ್ಟೆ ತುಂಬ ಉಂಡು ಬಂದವನು. ಇಂಥವನ ಪ್ರಾಮಾಣಿಕತೆಯನ್ನು ಯಾರೂ ಪ್ರಶ್ನಿಸಲಿಲ್ಲ. ಎಲ್ಡನ್‌ನ ತಂಗಿ ವಿಲೋಡೀನ್ ಮಾತ್ರ, ಮನೆಯಲ್ಲಿ ಸುಮ್ಮನೆ ಕೂರಲಾರದವರಿಗೆ ಸಮಿತಿಗಳು ಗಾಳ ಹಾಕುತ್ತವೆ ಎಂದಳು.

ಆ ವರ್ಷ ಬಂದ ತಂಡಗಳು ಎರಡು. ಊರಿನಿಂದ ಎರಡು ಗಂಟೆಯ ದಾರಿಯಲ್ಲಿರುವ ಟಾಂಬಿಗ್ಬಿ ಸ್ಟೇಟ್ ಕಾಲೇಜಿನ ಕೊಕ್ಕರೆಗಳು, ಅದು ತಂಡದ ಅಡ್ಡಹೆಸರು. ಮಿಸಿಸಿಪ್ಪಿಯಿಂದ ನಾರ್ತ್ ಡೆಲ್ಟಾ ಕಾಲೇಜಿನ ಆಮೆಗಳು. ಇಬ್ಬರೂ ಆರು ಗೆದ್ದು ಆರು ಸೋತವರು. ಪಂಟರ್‌ಗಳು ಯಾರ ಮೇಲೆ ಹಣ ಕಟ್ಟಬೇಕೆಂದು ತಿಳಿಯದೆ ತಲೆ ಕೆರೆದುಕೊಂಡರು. ಇದಕ್ಕಿಂತ ಚೊಕ್ಕವಾದ ತಕ್ಕಡಿಯನ್ನು ಎಲ್ಡನ್ ತನ್ನ ಸೇವಾವಧಿಯಲ್ಲಿ ಕಂಡಿರಲಿಲ್ಲ.

ಆ ಸಮತೂಕ ಒಂದು ವಾರ ಉಳಿಯಿತು. ಆಮೇಲೆ ಕೊಕ್ಕರೆಗಳ ಕ್ವಾರ್ಟರ್‌ಬ್ಯಾಕ್, ಅಂದರೆ ಚೆಂಡನ್ನು ಎಸೆದು ತಂಡ ನಡೆಸುವವನು, ಹೆಚ್ಚು ದುಡ್ಡು ಕೊಡುವ ಇನ್ನೊಂದು ಕಾಲೇಜಿಗೆ ಹೊರಟುಹೋದ. ಅಂತರ ಆರು ಅಂಕ ಎಂದು ಪಂಟರ್‌ಗಳು ಹೇಳಿದರು. ಎಲ್ಡನ್ ಆಮೆಗಳ ಕೋಚ್‌ಗೆ ಫೋನು ಮಾಡಿ, ನಿಮ್ಮ ಕ್ವಾರ್ಟರ್‌ಬ್ಯಾಕ್‌ನನ್ನೂ ಕೂರಿಸಬೇಕಾಗುತ್ತದೆಂದು ವಿನಯದಿಂದ ತಿಳಿಸಿದ. ಜಗಳಕ್ಕೆ ತಯಾರಾಗಿಯೇ ಇದ್ದ. ಆದರೆ ಫೋನು ಎತ್ತಿದವನು ಸಹಾಯಕ. ನಮ್ಮ ಕ್ವಾರ್ಟರ್‌ಬ್ಯಾಕ್ ಮೊನ್ನೆಯೇ ಹೋದ, ಕೋಚ್ ಸಾಹೇಬರೂ ಬೇರೆ ಕಡೆ ಕೆಲಸ ಸಿಕ್ಕಿ ಅವನ ಹಿಂದೆಯೇ ಹೋದರು, ನಿಮಗೆ ಹೇಳಬೇಕೆಂದಿದ್ದೆವು ಎಂದ. ಈಗ ಆ ಕಡೆ ಕೋಚ್ ಇಲ್ಲ, ಈ ಕಡೆ ಇದ್ದಾನೆ. ಪಂದ್ಯದ ದಿನ ಮೈದಾನಕ್ಕೆ ಬರಬೇಡಿ ಎಂದು ಕೊಕ್ಕರೆಗಳ ಕೋಚ್‌ಗೆ ಹೇಳಬೇಕಾಯಿತು. ಆ ಮನುಷ್ಯ ಎಲ್ಡನ್‌ನ ಕೈ ಕುಲುಕಿ ಮೀನು ಹಿಡಿಯಲು ಹೋದ.

ಅಷ್ಟರಲ್ಲಿ ಆಮೆಗಳ ಇಬ್ಬರು ಭಾರಿ ಆಳುಗಳು, ಗೋಡೆಯ ಹಾಗೆ ಅಡ್ಡ ನಿಲ್ಲುವವರು, ನಮ್ಮ ಮಂಡಿಗಳನ್ನು ಮುಂದಿನ ವೃತ್ತಿ ಜೀವನಕ್ಕೆ ಕಾಪಾಡಿಕೊಳ್ಳಬೇಕೆಂದು ಆಟದಿಂದ ಹಿಂದೆ ಸರಿದರು. ಕೊಕ್ಕರೆಗಳಲ್ಲಿ ಅಂಥ ದೇಹದವರೇ ಇರಲಿಲ್ಲ. ಎಲ್ಡನ್ ಇಬ್ಬರನ್ನೂ ಕಡಲೆಕಾಯಿ ಗೋದಾಮಿಗೆ ಕರೆದೊಯ್ದು ಲಾರಿ ತೂಗುವ ಕಾಟಾದ ಮೇಲೆ ನಿಲ್ಲಿಸಿದ. ಆಮೇಲೆ ಕೊಕ್ಕರೆಗಳ ಕಡೆಯಿಂದ ಮೂವರು ತೆಳ್ಳಗಿನ ಓಟಗಾರರನ್ನು ನಿಲ್ಲಿಸಿದ. ಸ್ವಲ್ಪ ಕಡಿಮೆ ಬಿತ್ತು. ಕಾಲೇಜಿನ ಬ್ಯಾಂಡಿನಲ್ಲಿ ಹಿತ್ತಾಳೆಯ ದೊಡ್ಡ ಕೊಂಬು ಊದುವವನನ್ನು, ಕೊಂಬಿನ ಸಮೇತ ಹತ್ತಿಸಿದಾಗ ಮುಳ್ಳು ಸರಿಯಾಗಿ ನಿಂತಿತು. ಆ ನಾಲ್ವರನ್ನು ಪಂದ್ಯದಿಂದ ಕೈಬಿಡಲಾಯಿತು. ಕೊಂಬಿನವನು ತನ್ನನ್ನೇಕೆ ಎಂದು ಕೇಳಿದ. ತೂಕದ ದೃಷ್ಟಿಯಿಂದ ಎಂದು ಎಲ್ಡನ್ ವಿವರಿಸಿದ ಮೇಲೆ ಅವನಿಗೂ ನ್ಯಾಯವೆನಿಸಿತು.

ಶುಕ್ರವಾರ ಟ್ರಸೆಲ್ ಸಾಹೇಬರು ತಮ್ಮ ಅಂಗಡಿಯಲ್ಲಿ ಎರಡೂ ತಂಡಗಳಿಗೆ ಸ್ವಾಗತ ಸಮಾರಂಭ ಇಟ್ಟುಕೊಂಡರು. ಹುಡುಗರು ಹಾಸಿಗೆಗಳ ಮೇಲೆ ಕುಣಿದರು. ಆಮೆಗಳ ಕಿಕ್ಕರ್, ಕಂಬಗಳ ನಡುವೆ ಚೆಂಡು ಒದ್ದು ಅಂಕ ತರುವವನು, ಎರಡು ಮಂಚಗಳ ನಡುವಿನ ಸಂದಿಯಲ್ಲಿ ಬಿದ್ದು ಕಾಲು ಉಳುಕಿಸಿಕೊಂಡ. ಹಾಸಿಗೆಯ ಮೇಲೆ ಬಿದ್ದಿದ್ದರೆ ಏನೂ ಆಗುತ್ತಿರಲಿಲ್ಲ ಎಂದು ಕಂಪನಿ ಪ್ರಕಟಣೆ ಹೊರಡಿಸಿತು.

ಎಲ್ಡನ್ ಆ ಸುದ್ದಿ ಕೇಳಿ ಅಲ್ಲೇ ಒಂದು ಹಾಸಿಗೆಯ ಅಂಚಿನಲ್ಲಿ ಕೂತುಬಿಟ್ಟ. ಕೊಕ್ಕರೆಗಳ ಕಿಕ್ಕರ್ ಅವನ ತಂಗಿ ವಿಲೋಡೀನ್‌ಳ ಮಗ ಜಡ್ಸನ್. ಅಪ್ಪನಿಲ್ಲದ ಹುಡುಗ. ಅವನಿಗೆ ಇದೇ ಕೊನೆಯ ಪಂದ್ಯ. ಜನವರಿಯಿಂದ ಬೆಳೆವಿಮೆಯ ಕಚೇರಿಯಲ್ಲಿ ಕೆಲಸ. ಎಲ್ಡನ್‌ನ ಹಿತ್ತಿಲಲ್ಲೇ ಅವನು ಒದೆಯಲು ಕಲಿತದ್ದು. ಚೆಂಡನ್ನು ಬೆರಳಿಂದ ನೆಟ್ಟಗೆ ಹಿಡಿದು ಕೂರುತ್ತಿದ್ದವನು ಎಲ್ಡನ್. ಆ ವರ್ಷಗಳಲ್ಲಿ ಅವನ ತೋರುಬೆರಳಿನ ಉಗುರು ಎರಡು ಸಲ ಉದುರಿತ್ತು.

ಅವನು ಜಡ್ಸನ್‌ನನ್ನು ತಂಡ ತಂಗಿದ್ದ ಹೋಟೆಲಿನ ಹೊರಗೆ ಕರೆದು, ನಾಳೆ ನೀನೂ ಆಡುವಂತಿಲ್ಲ ಎಂಬ ವಿಷಯ ಹೇಳಿದ. ಹುಡುಗ ಪೂರ್ತಿ ಕೇಳಿಸಿಕೊಂಡು, "ಆಯ್ತು ಸರ್" ಅಂದ. ಹುಟ್ಟಿದಾಗಿನಿಂದ ಮಾಮ ಎಂದು ಕರೆಯುತ್ತಿದ್ದ ಬಾಯಿ ಅದು.

ಶನಿವಾರ ಬೆಳಿಗ್ಗೆ ಕ್ರೀಡಾಂಗಣದ ಕಾರು ನಿಲ್ಲಿಸುವ ಬಯಲಿನಲ್ಲಿ ವಿಲೋಡೀನ್ ಡೇರೆ ಹಾಕಿದ್ದಳು. ನಂಟರಿಷ್ಟರೆಲ್ಲ ಕೊಕ್ಕರೆ ಬಣ್ಣದ ಅಂಗಿ ತೊಟ್ಟು ಬಂದಿದ್ದರು. ಹೊಗೆಯಲ್ಲಿ ಬೇಯಿಸಿದ ಹಂದಿ ತೊಡೆ, ಮಸಾಲೆ ತುಂಬಿದ ಮೊಟ್ಟೆ, ಬೇಯಿಸಿದ ಕಡಲೆಕಾಯಿ, ಬಾಳೆಹಣ್ಣಿನ ಪುಡ್ಡಿಂಗು ಎಲ್ಲವೂ ಇದ್ದವು. ಎಲ್ಡನ್ ಬಂದಾಗ ಎಲ್ಲರೂ ತಮ್ಮ ತಮ್ಮ ತಟ್ಟೆಗಳತ್ತ ಬಾಗಿದರು.

"ಬಬ್ಬಾ," ಅಂದಳು ವಿಲೋಡೀನ್. ಚಿಕ್ಕಂದಿನಿಂದ ಅಣ್ಣನನ್ನು ಅವಳು ಕರೆಯುವುದೇ ಹಾಗೆ. "ಉಳುಕಿದ್ದು ಆ ಹುಡುಗನ ಕಾಲು ತಾನೆ? ನನ್ನ ಮಗಂದಲ್ವಲ್ಲ?"

"ಕಾಲು ಯಾರದ್ದು ಅಂತ ನಿಯಮ ನೋಡಲ್ಲ, ವಿಲೋಡೀನ್."

"ನಿಯಮಕ್ಕೆ ಕಣ್ಣಿಲ್ಲ, ಸರಿ. ನಿನಗಿದೆಯಲ್ಲ?"

ಅವಳು ಒಂದು ತಟ್ಟೆಗೆ ಮಾಂಸ ಹಾಕಿ ಅಣ್ಣನ ಕೈಗಿಟ್ಟಳು, ಮೊಟ್ಟೆ ಹಾಕಲಿಲ್ಲ. ಅವರ ಮನೆತನದಲ್ಲಿ ಇದಕ್ಕಿಂತ ಕಠಿಣವಾದ ಮಾತು ಇರಲಿಲ್ಲ.

ಹನ್ನೊಂದು ಗಂಟೆಗೆ ಸರಿಯಾಗಿ ಧ್ವನಿವರ್ಧಕದಲ್ಲಿ ಪ್ರಕಟಣೆಯಾಯಿತು. "ಸಮಸ್ತ ಪ್ರೇಕ್ಷಕರ ಗಮನಕ್ಕೆ ತರುವುದೇನೆಂದರೆ, ನಾರ್ತ್ ಡೆಲ್ಟಾ ತಂಡದ ಕಾಲಿನ ಸ್ಥಿತಿಯನ್ನು ಪರಿಗಣಿಸಿ ಟಾಂಬಿಗ್ಬಿ ಸ್ಟೇಟ್ ತಂಡದ ಕಾಲನ್ನು ತಡೆಹಿಡಿಯಲಾಗಿದೆ. ಸಮಬಲಕ್ಕೆ ಸಹಕರಿಸಿ." ಜನ ಚಪ್ಪಾಳೆ ತಟ್ಟಿದರು. ಈ ಪ್ರಕಟಣೆಯೂ ಟ್ರಸೆಲ್ ಹಾಸಿಗೆಯವರ ಪ್ರಾಯೋಜಕತ್ವದ್ದೇ ಆಗಿತ್ತು.

ಕೋಚ್‌ಗಳಿಲ್ಲದೆ, ಎಸೆಯುವವರಿಲ್ಲದೆ, ಒದೆಯುವವರಿಲ್ಲದೆ ಎರಡೂ ತಂಡಗಳು ಮೈದಾನದ ನಡುವೆ ಒಬ್ಬರನ್ನೊಬ್ಬರು ತಳ್ಳುತ್ತ ನಿಂತವು. ಚೆಂಡು ಒಂದು ಗಜ ಆ ಕಡೆ ಹೋಗುತ್ತಿತ್ತು, ಒಂದು ಗಜ ಈ ಕಡೆ ಬರುತ್ತಿತ್ತು. ಮಧ್ಯಾಹ್ನವಾದರೂ ಸೊನ್ನೆ–ಸೊನ್ನೆ. ಟಿ.ವಿ.ಯವರ ಸಂತೋಷಕ್ಕೆ ಮಿತಿಯಿರಲಿಲ್ಲ. ಇಂಥ ಸಮಬಲವನ್ನು ತಾವು ಕಂಡೇ ಇಲ್ಲವೆಂದು ವೀಕ್ಷಕ ವಿವರಣೆಗಾರರು ಪದೇ ಪದೇ ಹೇಳಿದರು. ಏನಾದರೂ ಆದೀತೇ ಎಂಬ ಭಯದಲ್ಲಿ ದೇಶದಾದ್ಯಂತ ಜನ ಟಿ.ವಿ. ಆರಿಸಲಾಗದೆ ಕೂತರು.

ಆಟ ಮುಗಿಯಲು ಇನ್ನೇನು ಸ್ವಲ್ಪವೇ ಹೊತ್ತಿರುವಾಗ ಕೊಕ್ಕರೆಗಳ ಕೈಯಿಂದ ಚೆಂಡು ಜಾರಿ ಅವರದೇ ಗೆರೆಯ ಹಿಂದೆ ಉರುಳಿ ಹೊರಗೆ ಹೋಯಿತು. ನಿಯಮದ ಪ್ರಕಾರ ಆಮೆಗಳಿಗೆ ಎರಡು ಅಂಕ. ಆ ಸಡಗರದಲ್ಲಿ ಆಮೆಗಳು ಮುಂದಿನ ಚೆಂಡನ್ನು ಕೈಬಿಟ್ಟರು, ಕೊಕ್ಕರೆಗಳು ಅದರ ಮೇಲೆ ಬಿದ್ದರು. ಬಿದ್ದ ಜಾಗದಿಂದ ಕಂಬಗಳು ಹತ್ತಿರವೇ ಇದ್ದವು. ಒದೆಯಬಲ್ಲವನೊಬ್ಬ ಒದ್ದರೆ ಮೂರು ಅಂಕ.

ಇಡೀ ಕ್ರೀಡಾಂಗಣ ಬೆಂಚಿನ ಕಡೆ ನೋಡಿತು. ಜಡ್ಸನ್ ತನ್ನ ಬೂಟುಗಳನ್ನು ನೋಡುತ್ತಿದ್ದ. ಎಲ್ಡನ್ ತನ್ನ ಜೀವಮಾನದ ಲೆಕ್ಕವನ್ನೆಲ್ಲ ಮನಸ್ಸಿನಲ್ಲೇ ಒಮ್ಮೆ ಹಾಕಿ ನೋಡಿದ. ಅವನು ಎದ್ದು ಸಮಿತಿಯ ಅಧ್ಯಕ್ಷೆ ಮಿಸ್ ಲಾವರ್ನ್ ಅವರ ಮುಂದೆ ನಿಂತ. ಆಕೆ ಊರಿನ ಅರ್ಧ ಮನೆಗಳನ್ನು ಮಾರಿಸಿದವರು, ಇನ್ನರ್ಧವನ್ನು ಮಾರಿಸಲಿರುವವರು.

"ಮೇಡಂ, ಈಗ ಎರಡು–ಸೊನ್ನೆ. ಅಂತರ ಎರಡು."

"ಗೊತ್ತು. ಮೂರರ ಒಳಗಿದೆಯಲ್ಲ, ಸುಮ್ಮನಿರಿ."

"ಹುಡುಗ ಒದ್ದರೆ ಮೂರು–ಎರಡು. ಅಂತರ ಒಂದು. ಎರಡಕ್ಕಿಂತ ಒಂದು ಸಮಬಲಕ್ಕೆ ಹತ್ತಿರ. ಅವನನ್ನು ತಡೆದರೆ ನಾವೇ ಕರಾರು ಮುರಿದ ಹಾಗೆ."

ಮಿಸ್ ಲಾವರ್ನ್ ಬೆರಳು ಮಡಚಿ ಎಣಿಸಿದರು. ಲೆಕ್ಕದಲ್ಲಿ ತಪ್ಪಿರಲಿಲ್ಲ. ಹಾಗಾದರೆ ಆ ಕಡೆಯ ಕಾಲಿಗೆ ಏನು ಪರಿಹಾರ ಎಂದು ಕೇಳಿದರು. ಆ ಹುಡುಗನೂ ಊರುಗೋಲು ಹಿಡಿದು ಅಂಕಣದಲ್ಲಿ ನಿಲ್ಲಲಿ, ಹಾಜರಾತಿಗೆ ಹಾಜರಾತಿ ಸಮವಾಗುತ್ತದೆ ಎಂದ ಎಲ್ಡನ್. ಆದೇಶ ಹೊರಟಿತು.

ಎಲ್ಡನ್ ಬೆಂಚಿಗೆ ಹೋಗಿ ಜಡ್ಸನ್‌ನ ಭುಜ ಮುಟ್ಟಿದ. "ಹೋಗು. ನಿನ್ನನ್ನು ಬಿಡುಗಡೆ ಮಾಡಿದೆ."

"ನಿಯಮದಲ್ಲಿ ಇದೆಯಾ, ಮಾಮ?"

"ಹುಡುಕಿದೆ. ಸಿಕ್ತು."

ಜಡ್ಸನ್ ಒದ್ದ. ಚೆಂಡು ಎಡಗಡೆಯ ಕಂಬಕ್ಕೆ ಬಡಿದು, ಒಂದು ಗಳಿಗೆ ಯೋಚಿಸಿದಂತೆ ಅಲ್ಲೇ ತಿರುಗಿ, ಒಳಗೆ ಬಿತ್ತು. ಊರುಗೋಲಿನ ಹುಡುಗನೇ ಎಲ್ಲರಿಗಿಂತ ಮೊದಲು ಬಂದು ಅವನ ಬೆನ್ನು ತಟ್ಟಿದ. ವಿಲೋಡೀನ್ ಕುರ್ಚಿಯ ಮೇಲೆ ಹತ್ತಿ ನಿಂತಿದ್ದಳು. ಅತ್ತು ಮುಖವೆಲ್ಲ ಒದ್ದೆಯಾಗಿತ್ತು. ಎಲ್ಡನ್ ಬೇರೆ ಕಡೆ ತಿರುಗಿ ಕನ್ನಡಕ ಒರೆಸಿಕೊಂಡ.

ಹತ್ತು ನಿಮಿಷದ ನಂತರ ಎರಡನೆಯ ಪ್ರಕಟಣೆ ಬಂತು. "ಪಂದ್ಯವು ಮೂರು–ಎರಡು ಅಂಕಗಳಿಂದ ಮುಕ್ತಾಯವಾಗಿದೆ. ಸದರಿ ಅಂತರವು ಮೂರನ್ನು ಮೀರದ ಕಾರಣ, ಕರಾರಿನ ಪ್ರಕಾರ ಪಂದ್ಯ ಸಮವಾಗಿದೆ. ಸಮವಾದ ಪಂದ್ಯದಲ್ಲಿ ಒಬ್ಬರನ್ನು ಸೋತವರೆಂದು ಕರೆಯುವುದು ಅನ್ಯಾಯವಾದ್ದರಿಂದ ಎರಡೂ ತಂಡಗಳು ಗೆದ್ದಿವೆ ಎಂದು ಈ ಮೂಲಕ ಘೋಷಿಸಲಾಗಿದೆ."

ಯಾರಾದರೂ ಆಕ್ಷೇಪಿಸಬಹುದೆಂದು ಮಿಸ್ ಲಾವರ್ನ್ ಪೊಲೀಸರಿಗೆ ಹೇಳಿಟ್ಟಿದ್ದರು. ಅಗತ್ಯ ಬೀಳಲಿಲ್ಲ. ಆಮೆಗಳ ಕಡೆಯವರು ತಕ್ಷಣ ಕುಣಿದರು. ಕೊಕ್ಕರೆಗಳ ಕಡೆಯವರು ಆಗಲೇ ಕುಣಿಯುತ್ತಿದ್ದರು, ನಿಲ್ಲಿಸಲು ಕಾರಣ ಕಾಣಲಿಲ್ಲ. ಗೆದ್ದರೆ ಕೊಡಬೇಕಾದ ಬಹುಮಾನದ ಹಣ, ಊರು ಬಿಟ್ಟ ಕೋಚ್‌ಗೂ ಮೀನು ಹಿಡಿಯುತ್ತಿದ್ದ ಕೋಚ್‌ಗೂ ಮಂಜೂರಾಯಿತು. ಟ್ರಸೆಲ್ ಸಾಹೇಬರು ಬೆಳ್ಳಿಯ ಮಂಚದ ಆಕಾರದ ಒಂದೇ ಒಂದು ಪ್ರಶಸ್ತಿ ಮಾಡಿಸಿದ್ದರು. ಅದನ್ನು ಕಾರ್ಖಾನೆಯ ಗರಗಸದಿಂದ ಎರಡಾಗಿ ಕೊಯ್ಸಿ, ತಲೆಯ ಭಾಗ ಕೊಕ್ಕರೆಗಳಿಗೆ, ಕಾಲಿನ ಭಾಗ ಆಮೆಗಳಿಗೆ ಕೊಡಲಾಯಿತು. ಕಾಲಿನ ಭಾಗ ಸ್ವಲ್ಪ ಹಗುರವಾದ್ದರಿಂದ ಮಂಚದ ಬೆಳ್ಳಿಯ ದಿಂಬನ್ನು ಆ ಕಡೆಗೆ ಸೇರಿಸಿ ಎಲ್ಡನ್ ತೂಗಿ ಸಹಿ ಹಾಕಿದ. ಮುಂದಿನ ವರ್ಷದಿಂದ ಎರಡೂ ತಂಡಗಳ ಗೆಲುವನ್ನು ಮೊದಲೇ ಘೋಷಿಸಿ, ಸಂಪ್ರದಾಯ ಬಿಡಬಾರದೆಂದು ಪಂದ್ಯವನ್ನು ನಂತರ ಆಡಿಸುವುದೆಂದು ಸಮಿತಿ ಅಂದೇ ಠರಾವು ಮಾಡಿತು.

ಮರುದಿನ ಭಾನುವಾರ. ಬೆಲ್‌ಫರ್ಡ್‌ನ ಬ್ಯಾಪ್ಟಿಸ್ಟ್ ಚರ್ಚಿನಲ್ಲಿ ಎಲ್ಡನ್, ವಿಲೋಡೀನ್, ಅವರ ನಡುವೆ ಜಡ್ಸನ್ ಕೂತಿದ್ದರು. ಪಾದ್ರಿ ಓದಿದ್ದು ನಾರ್ತ್ ಡೆಲ್ಟಾದಲ್ಲಿ, ಸಂಬಳ ಬರುವುದು ಟಾಂಬಿಗ್ಬಿಯ ಅಭಿಮಾನಿಗಳಿಂದ. ಅವರು ಕಣ್ಣು ಮುಚ್ಚಿ, ಕಾಯಿಲೆಯವರಿಗೂ ಪ್ರಯಾಣದಲ್ಲಿರುವವರಿಗೂ ಪ್ರಾರ್ಥಿಸಿ, ಕೊನೆಗೆ ಮೂರು–ಎರಡರಲ್ಲಿ ಸರಿಸಮ ಮಾಡಿ ಉಭಯ ತಂಡಗಳಿಗೂ ಜಯ ಕರುಣಿಸಿದ ಕರ್ತನಿಗೆ ಸ್ತೋತ್ರ ಸಲ್ಲಿಸಿದರು. ಇಡೀ ಸಭೆ ಆಮೆನ್ ಅಂದಿತು. ವಿಲೋಡೀನ್‌ಳ ಧ್ವನಿ ಎಲ್ಲರಿಗಿಂತ ಗಟ್ಟಿಯಾಗಿತ್ತು.

ಜಡ್ಸನ್ ಎಲ್ಡನ್‌ನ ಕಿವಿಯ ಹತ್ತಿರ ಬಗ್ಗಿದ. "ಮಾಮ, ಮೂರು ಎರಡಕ್ಕಿಂತ ಜಾಸ್ತಿ."

"ಹೌದು," ಅಂದ ಎಲ್ಡನ್, ಮೆಲ್ಲಗೆ. "ಆಮೆನ್ ಅನ್ನು."

ಜಡ್ಸನ್ ಅಂದ.