ಕಾಲೇಜಿನ ಯಂತ್ರ ನಾನೇ, ಸಾರ್!

ನಮ್ಮ ವಂಶದ ಮೊದಲ ಪದವೀಧರ ನಾನು. ನಮ್ಮೂರು ಹುಲಿಯೂರುದುರ್ಗದಲ್ಲಿ ಇವತ್ತಿಗೂ ನನ್ನನ್ನು ಹೆಸರು ಹಿಡಿದು ಕರೆಯುವವರಿಲ್ಲ, ‘ಡಿಗ್ರಿ’ ಎನ್ನುತ್ತಾರೆ. ಇಂಥ ನಾನು ಕುಣಿಗಲ್‌ನ ಕಾಲೇಜೊಂದರಲ್ಲಿ ಇತಿಹಾಸದ ಟೆಂಪರರಿ ಮೇಷ್ಟ್ರಾಗಿದ್ದೆ. ಆಗಿನ್ನೂ ಬ್ರಾಡ್‌ಬ್ಯಾಂಡ್ ಹೊಸತು. ದೇಶವಿದೇಶದ ಇತಿಹಾಸ ಪತ್ರಿಕೆಗಳನ್ನೆಲ್ಲ ಕಂಪ್ಯೂಟರಿನಲ್ಲೇ ಓದಿಸುವ ಖಜಾನೆಯೊಂದಕ್ಕೆ ಕಾಲೇಜು ಚಂದಾ ಕಟ್ಟಿತು. ಸೋಮವಾರ ಬರುವ ತಪಾಸಣೆ ತಂಡಕ್ಕೆ ಅದನ್ನು ತೋರಿಸುವ ಹೊಣೆ ನನ್ನದು. ತಂಡ ಮೆಚ್ಚಿದರೆ ನನ್ನ ಕೆಲಸ ಕಾಯಂ ಮಾಡಿಸುವುದಾಗಿ ಪ್ರಿನ್ಸಿಪಾಲರು ಮಾತು ಕೊಟ್ಟಿದ್ದರು.

ಸೀಮೆಎಣ್ಣೆ ಬಂದ ದಿನವೇ ಕ್ಯಾನ್ ತುಂಬಿಸಿಕೊಳ್ಳಬೇಕು, ನಾಳೆ ಹೋದರೆ ಡಿಪೋ ಬಾಗಿಲು ಹಾಕಿರುತ್ತದೆ. ಇದು ನಾನು ಕ್ಯೂನಲ್ಲಿ ನಿಂತು ಕಲಿತ ಇತಿಹಾಸ. ಹಾಗಾಗಿ ಸಿಕ್ಕಿದ್ದನ್ನೆಲ್ಲ ಡೌನ್‌ಲೋಡ್ ಮಾಡತೊಡಗಿದೆ. ವಿಜಯನಗರ ಮುಗಿಯಿತು, ಮೊಗಲರು ಮುಗಿದರು, ರೋಮಿಗೆ ನುಗ್ಗಿದೆ. ಐಸ್‌ಲ್ಯಾಂಡಿನ ಕುರಿ ಸಾಕಣೆಯನ್ನೂ ಬಿಡಲಿಲ್ಲ! ಓದುವುದೇ? ಆಮೇಲೆ ಓದಿದರಾಯಿತು.

ಶುಕ್ರವಾರ ಖಜಾನೆಯ ಬಾಗಿಲು ಮುಚ್ಚಿತು. ಇಡೀ ಕಾಲೇಜಿಗೇ!

ಪ್ರಿನ್ಸಿಪಾಲರು ಖಜಾನೆಯವರ ಈಮೇಲಿನ ಪ್ರಿಂಟ್ ಹಿಡಿದು ಸ್ಟಾಫ್ ರೂಮಿಗೆ ಬಂದರು. “ನಿಮ್ಮಲ್ಲಿ ಯಾವುದೋ ಯಂತ್ರ ಬಿಡುವಿಲ್ದೆ ಲೇಖನ ಎಳೀತಿದೆ, ಮನುಷ್ಯರಿಗೆ ಇಷ್ಟು ಓದೋಕಾಗಲ್ಲ ಅಂತ ಬರ್ದವ್ರೆ. ಯಾವುದ್ರೀ ಆ ಯಂತ್ರ?”

ಎದ್ದು ನಿಂತೆ. “ನಾನೇ ಸಾರ್.”

“ಸೋಮವಾರ ತಂಡಕ್ಕೆ ಏನ್ ತೋರಿಸ್ಲಿ? ನಿಮ್ಮನ್ನಾ?”

ಮನೆಯಲ್ಲಿ ಹೇಳಿದರೆ ಹೆಂಡತಿಗೆ ನಗು. “ನಿಮ್ಮನ್ನ ಯಂತ್ರ ಅಂದ್ರಾ? ಟ್ಯಾಂಕಿಗೆ ನೀರು ಬುಡ್ರಿ ಅಂದಿದ್ದು ಬೆಳಿಗ್ಗೆ. ಇನ್ನೂ ಸ್ಟಾರ್ಟೇ ಆಗಿಲ್ಲ!”

“ನಗಬ್ಯಾಡ ಕಣೇ, ಕೆಲ್ಸ ಹೋಗ್ತದೆ.”

“ಹಂಗಾದ್ರೆ ಮನುಷ್ಯ ಅಂತ ಬರ್ದು ಕಳ್ಸಿ.”

ಖಜಾನೆಯವರಿಗೆ ಪದವೀಧರನ ಇಂಗ್ಲಿಷಿನಲ್ಲಿ ಬರೆದೆ: ‘ಈ ಮೂಲಕ ಸವಿನಯವಾಗಿ ದೃಢೀಕರಿಸುವುದೇನೆಂದರೆ, ನಾನು ಮನುಷ್ಯನಾಗಿದ್ದು, ಇಬ್ಬರು ಮಕ್ಕಳ ತಂದೆಯಾಗಿರುತ್ತೇನೆ. ಇನ್ನು ಮುಂದೆ ಓದುವಷ್ಟನ್ನೇ ಇಳಿಸಿಕೊಳ್ಳುತ್ತೇನೆ.’

ಸೋಮವಾರ ಬೆಳಿಗ್ಗೆ ಬಾಗಿಲು ತೆರೆದಿತ್ತು. ಅಬ್ಬಾ, ಹೋದ ಜೀವ ಬಂತು! ತಂಡದವರು ವಿಜಯನಗರ ಕೇಳಿದರು, ತೋರಿಸಿದೆ. ತಲೆಯಾಡಿಸಿದರು. ಕಾಫಿ ಕುಡಿದು ಹೊರಟರು. “ನಿಮ್ ಕೆಲ್ಸ ಕಾಯಂ ಆಯ್ತು ಬುಡ್ರಿ,” ಎಂದರು ಪ್ರಿನ್ಸಿಪಾಲರು.

ಖಜಾನೆಯವರಿಗೆ ಕೊಟ್ಟ ಮಾತಿನಂತೆ ಆ ಮಧ್ಯಾಹ್ನವೇ ಓದಲು ಕುಳಿತೆ. ಐಸ್‌ಲ್ಯಾಂಡಿನ ಕುರಿಗಳು. ಎರಡನೇ ಪುಟಕ್ಕೇ ಗೊರಕೆ!

ಪ್ರಿನ್ಸಿಪಾಲರು ಭುಜ ಅಲುಗಿಸಿ ಎಬ್ಬಿಸಿದರು. “ಮನುಷ್ಯರೇ ಕಣ್ರೀ ನೀವು. ಬೇಕಾದ್ರೆ ನಾನೂ ಸರ್ಟಿಫಿಕೇಟ್ ಕೊಡ್ತೀನಿ.”