ಏಳನೆಯ ಅಧ್ಯಾಯದ ತಿದ್ದುಪಡಿ

ಹಿಂದೊಂದು ರಾಜ್ಯವಿತ್ತು; ಎಷ್ಟು ಹಿಂದೆ ಎಂದು ತೀರ್ಮಾನಿಸಲು ನೇಮಿಸಿದ ಸಮಿತಿಯ ವರದಿ ಇನ್ನೂ ಬಂದಿಲ್ಲ. ಹೆಸರು ಧ್ವಜಾವತಿ. ಅದನ್ನಾಳುತ್ತಿದ್ದ ಶ್ರೀಮನ್ಮಹಾರಾಜ ರಣಕೇಸರಿಗೆ ತನ್ನ ಮುತ್ತಾತನ ಕಾಲದ ಮಹಾಯುದ್ಧದ ಬಗ್ಗೆ ಒಂದು ಐತಿಹಾಸಿಕ ಕಾದಂಬರಿ ಬೇಕೆನಿಸಿತು. ಬರೆಯುವ ಕೆಲಸ ಆಸ್ಥಾನ ಪಂಡಿತ ಅನಂತಶಯನನ ಪಾಲಿಗೆ ಬಂತು.

ಅನಂತಶಯನ ಪ್ರಾಮಾಣಿಕ. ಕುಂಬಾರಗೇರಿಗೆ ಹೋಗಿ, ಎಪ್ಪತ್ತು ದಾಟಿದ ತಿರುಮಕ್ಕನ ಜಗಲಿಯ ಮೇಲೆ ಎಂಟು ದಿನ ಕೂತು ಕೇಳಿ ಬರೆದುಕೊಂಡ. ಶತ್ರುಗಳು ಬಂದಾಗ ಮುತ್ತಾತ ಮಹಾರಾಜರು ಮಡಕೆ ಸುಡುವ ಆವಿಗೆಯೊಳಗೆ ಅಡಗಿ ಕೂತಿದ್ದರು. ತಿರುಮಕ್ಕನ ಅಜ್ಜಿ ಮನೆಮನೆಯ ಬಾಗಿಲಿಗೂ ಬೇವಿನ ಸೊಪ್ಪು ಕಟ್ಟಿ, “ಊರಿಗೆಲ್ಲಾ ಸಿಡುಬು!” ಎಂದು ಕೂಗಿದಳು. ಹತ್ತು ಸಾವಿರ ಸೈನಿಕರು ಬಂದ ದಾರಿಯಲ್ಲೇ ಮರಳಿದರು. ಇದು ಏಳನೆಯ ಅಧ್ಯಾಯವಾಯಿತು.

ಇತಿಹಾಸ ಮಂತ್ರಿ ಶ್ರುತಕೀರ್ತಿ ಓದಿ ಬೆವರಿದ.

“ಕೃತಿ ಅಮೋಘ, ಪಂಡಿತರೇ. ಏಳರಲ್ಲಿ ಮಾತ್ರ ಒಂದು ಸಣ್ಣ ಟೆಕ್ನಿಕಲ್ ಸಮಸ್ಯೆ. ಆವಿಗೆ ತೆಗೆದು ಆನೆ ಹಾಕಿಬಿಡಿ.”

“ನಡೆದದ್ದು ಹಾಗಲ್ಲವಲ್ಲ, ಸ್ವಾಮಿ?”

“ಕಾದಂಬರಿ ತಾನೇ? ಯಾರು ಕೇಳುತ್ತಾರೆ?”

ಅನಂತಶಯನ ಮಂತ್ರಿಯ ಕೈಯಲ್ಲಿದ್ದ ಜರಿ ಶಾಲು ನೋಡಿದ. ತಿದ್ದಿದ. ಮುತ್ತಾತ ಬಿಳಿಯಾನೆ ಏರಿ, ಕುಂಬಾರಗೇರಿಯ ನಡುವೆ ಒಬ್ಬರೇ ನಿಂತು ಹತ್ತು ಸಾವಿರ ಮಂದಿಯನ್ನು ಓಡಿಸಿದರು.

ಮಹಾರಾಜ ಓದಿ ಬಿಕ್ಕಿಬಿಕ್ಕಿ ಅತ್ತ. ಇನ್ನು ಮುಂದೆ ರಾಜ್ಯದ ಇತಿಹಾಸ ಇದೇ ಎಂದು ಆಜ್ಞೆ ಹೊರಡಿಸಿದ. ರಣರಂಗ ಕುಂಬಾರಗೇರಿ ಎಂದಮೇಲೆ ಅಲ್ಲಿ ಸ್ಮಾರಕ ಏಳಬೇಡವೇ? ‘ಪರಂಪರೆ ಪ್ರಾಜೆಕ್ಟ್’ಗಾಗಿ ಮನೆ ಖಾಲಿ ಮಾಡಿರೆಂದು ಕೇರಿಗೆ ನೋಟಿಸು ಬಂತು.

ತಿರುಮಕ್ಕ ಕಾದಂಬರಿಕಾರನ ಮನೆ ಹುಡುಕಿಕೊಂಡು ಬಂದಳು.

“ಅಲ್ಲಾ ಬುದ್ಧಿ, ನಾ ಹೇಳಿದ್ದಕ್ಕೆಲ್ಲಾ ತಲೆ ಆಡಿಸ್ಕೊಂಡು ಬರ್ಕೊಂಡ್ರಲ್ಲ. ಈಗ ಪುಸ್ತಕದಾಗೆ ನಮ್ಮಜ್ಜಿನೂ ಇಲ್ಲ, ಊರಾಗೆ ನಮ್ಮ ಮನೆನೂ ಇರಂಗಿಲ್ಲ. ಎಲ್ಲಿಗೋಗನ, ಹೇಳಿ?”

ಅವನಿಗೆ ಅವಳ ಮುಖ ನೋಡಲಾಗಲಿಲ್ಲ. ಚಪ್ಪಲಿಯನ್ನೂ ಮೆಟ್ಟದೆ ಆಸ್ಥಾನಕ್ಕೆ ಓಡಿದ.

“ಮಹಾಪ್ರಭೂ, ತಪ್ಪಾಯಿತು. ಅದು ಇತಿಹಾಸವಲ್ಲ, ನಾನು ಕಟ್ಟಿದ ಕತೆ.”

“ಬಲ್ಲೆವು,” ಎಂದ ಮಹಾರಾಜ. “ಇತಿಹಾಸವಾಗಿದ್ದರೆ ಯಾರು ನಂಬುತ್ತಿದ್ದರು?”

“ಆಹಾ, ಏನು ವಿನಯ!” ಎಂದು ಶ್ರುತಕೀರ್ತಿ ಚಪ್ಪಾಳೆ ತಟ್ಟಿದ. ಅಲ್ಲೇ ಅನಂತಶಯನನ ತಲೆಗೆ ‘ಇತಿಹಾಸ ಚಕ್ರವರ್ತಿ’ ಕಿರೀಟ ತೊಡಿಸಿದರು. ಬೇಡವೆನ್ನಲು ಬಾಯಿ ತೆರೆದ. ಬಾಯಿಗೆ ಲಾಡು ತುರುಕಿದರು.

ಆವಿಗೆಗಳು ನೆಲಸಮವಾಗಿ ಕಲ್ಲಿನ ಆನೆ ಎದ್ದಿತು. ಈಗ ಪ್ರತಿವರ್ಷ ವಿಜಯೋತ್ಸವದ ದಿನ ಕುಂಬಾರಗೇರಿಯವರೆಲ್ಲ ಶತ್ರುಸೈನಿಕರ ವೇಷ ತೊಟ್ಟು ಆ ಆನೆಗೆ ಹೆದರಿ ಓಡಬೇಕು. ತಿರುಮಕ್ಕನೂ ಓಡುತ್ತಾಳೆ. ನಿಧಾನವಾಗಿ ಓಡುವವರಿಗೆ ದೇಶಾಭಿಮಾನ ಸಾಲದೆಂದು ದಂಡ ಹಾಕುತ್ತಾರೆ.